ಅತ್ತಿಗೆ ನಿಲ್ಲಲಿ, ಆದರೆ ಆ ಸೀಟಿಗೆ ಬೇಡ

ಮಸ್ಕತ್
ಗುರುವಾರ ರಾತ್ರಿ

ಅಣ್ಣನಿಗೆ ನಮಸ್ಕಾರ.

ನಾನು ಇಲ್ಲಿ ಆರಾಮ. ಅವ್ವನ ಮೊಣಕಾಲು ನೋವು ಹೇಗಿದೆ? ಫೋನಿನಲ್ಲಿ ಹೇಳಲು ಹೋದರೆ ನೀನು ಅರ್ಧಕ್ಕೇ ಸಿಟ್ಟಾಗುತ್ತೀಯ, ಅದಕ್ಕೇ ಬರೆಯುತ್ತಿದ್ದೇನೆ. ಪೂರ್ತಿ ಓದು.

ಗ್ರಾಮ ಪಂಚಾಯ್ತಿ ಎಲೆಕ್ಷನ್ನಿಗೆ ನಮ್ಮ ವಾರ್ಡಿನ ಮೀಸಲಾತಿ ಎಸ್‌ಟಿ (ಪರಿಶಿಷ್ಟ ಪಂಗಡ) ಮಹಿಳೆಗೆ ಬಂದಿದೆ, ಅತ್ತಿಗೆಯನ್ನು ನಿಲ್ಲಿಸುತ್ತೇನೆ ಅಂದೆ. ಅತ್ತಿಗೆ ಖಂಡಿತ ನಿಲ್ಲಲಿ. ಮಹಿಳಾ ಸಂಘದ ಲೆಕ್ಕ ಬರೆಯುವುದು, ಉದ್ಯೋಗ ಖಾತ್ರಿ ಕೂಲಿ ಬಂದಿಲ್ಲ ಅಂತ ಪಿಡಿಒ ಹತ್ತಿರ ಜಗಳ ತೆಗೆಯುವುದು, ಎಲ್ಲ ನಿನಗಿಂತ ಚೆನ್ನಾಗಿ ಮಾಡುತ್ತಾರೆ. ಆದರೆ ಎಸ್‌ಟಿ ಸೀಟಿಗೆ ಬೇಡ.

ನಾವು ನಾಯಕ ಜಾತಿಯವರು, ಅಂದರೆ ವಾಲ್ಮೀಕಿಗಳು, ಅತ್ತಿಗೆಯ ತವರಿನವರೂ ವಾಲ್ಮೀಕಿಗಳೇ, ಇನ್ನೇನು ಅಡ್ಡಿ ಅನ್ನುತ್ತೀಯ. ಎಸ್‌ಟಿ ಪಟ್ಟಿ ರಾಜ್ಯಕ್ಕೊಂದು, ಅಣ್ಣ. ನಮ್ಮ ಕರ್ನಾಟಕದಲ್ಲಿ ಬೇಡ, ಬೇಡರ್, ವಾಲ್ಮೀಕಿ ಅನ್ನುವ ಹೆಸರುಗಳು 1991ರಲ್ಲಿ ಆ ಪಟ್ಟಿಗೆ ಸೇರಿದವು. ಅತ್ತಿಗೆಯ ತವರು ತೆಲಂಗಾಣದ ಗದ್ವಾಲದಲ್ಲಿ ಅದೇ ಜನ ಬೋಯರು, ಅಲ್ಲಿ ಅವರು ಬಿಸಿ-ಎ, ಅಂದರೆ ಹಿಂದುಳಿದ ವರ್ಗ. ಎಸ್‌ಟಿಗೆ ಸೇರಿಸಿ ಅಂತ ತೆಲಂಗಾಣ ವಿಧಾನಸಭೆ 2023ರಲ್ಲಿ ನಿರ್ಣಯ ಮಾಡಿತು. ಆದರೆ ಪಟ್ಟಿ ಬದಲಾಗುವುದು ಪಾರ್ಲಿಮೆಂಟಿನಲ್ಲಿ. ಹೆಣ್ಣು ಕೊಟ್ಟು ತರುವ ನಮ್ಮ ಸಂಬಂಧಗಳಿಗೆ ಎಂದೂ ಇಲ್ಲದ ಗಡಿ ಸರ್ಟಿಫಿಕೇಟಿಗೆ ಮಾತ್ರ ಇದೆ. ನನಗೂ ಇದು ಅನ್ಯಾಯ ಅನ್ನಿಸುತ್ತದೆ.

ಮದುವೆಯಾಗಿ ನಮ್ಮ ಮನೆಗೆ ಬಂದರಲ್ಲ ಅನ್ನಬೇಡ. ಜಾತಿ ನೋಡುವುದು ಹುಟ್ಟಿನಿಂದ. ಆಂಧ್ರದ ಶೃಂಗವರಪುಕೋಟ ಎಸ್‌ಟಿ ಕ್ಷೇತ್ರದಲ್ಲಿ ಗೆದ್ದಿದ್ದ ಶಾಸಕಿಯ ತಂದೆ ಎಸ್‌ಟಿ ಆಗಿರಲಿಲ್ಲ, ಗಂಡ ಎಸ್‌ಟಿ. ಗಂಡನ ಜಾತಿಯಿಂದ ಸೀಟು ಉಳಿಯುವುದಿಲ್ಲ ಅಂತ ಸುಪ್ರೀಂ ಕೋರ್ಟ್ 2005ರಲ್ಲೇ ಹೇಳಿತು.

ಆ ಏಜೆಂಟ್ ‘ಗಂಡನ ಸರ್ಟಿಫಿಕೇಟ್ ಕೊಡಿ, ಮಾಡಿಸುತ್ತೇನೆ’ ಅಂದನಂತಲ್ಲ. ಮಾಡಿಸಿಯೇ ಬಿಡಬಹುದು. ನಾಡಕಚೇರಿಯಲ್ಲಿ ಆಪರೇಟರ್ ಆಗಿದ್ದವನು ನಾನು, ಗೊತ್ತಿದೆ. ವಿಎ (ಗ್ರಾಮ ಲೆಕ್ಕಿಗ) ವರದಿ, ಆರ್‌ಐ (ಕಂದಾಯ ನಿರೀಕ್ಷಕ) ವರದಿ, ತಹಶೀಲ್ದಾರ್ ಸಹಿ, ಸರ್ಟಿಫಿಕೇಟಿಗೆ ಆರ್‌ಡಿ ನಂಬರ್ ಬಿತ್ತು, ಮುಗಿಯಿತು. ನಾಮಪತ್ರ ಪರಿಶೀಲನೆಯಲ್ಲೂ ಸಾಮಾನ್ಯವಾಗಿ ಆ ಕಾಗದ ಇದೆಯಾ ಅಂತ ನೋಡುತ್ತಾರೆ ಅಷ್ಟೆ. ಕೆದಕುವವರು ಆಮೇಲೆ ಬರುತ್ತಾರೆ. ಸೋತವರು 30 ದಿನದೊಳಗೆ ಕೋರ್ಟಿಗೆ ಹೋಗಬಹುದು. ಇನ್ನೊಬ್ಬರು ಜಿಲ್ಲಾ ಜಾತಿ ಪರಿಶೀಲನಾ ಸಮಿತಿಗೆ ದೂರು ಕೊಡಬಹುದು. ಆಗ ನಾಗರಿಕ ಹಕ್ಕು ಜಾರಿ ನಿರ್ದೇಶನಾಲಯದ ಪೊಲೀಸರು ಮನೆಗೆ ಬಂದು ತವರು ಯಾವುದು, ಓದಿದ್ದು ಎಲ್ಲಿ ಅಂತ ಶುರು ಮಾಡುತ್ತಾರೆ. ಗದ್ವಾಲದ ಶಾಲೆಯ ರಿಜಿಸ್ಟರಿನಲ್ಲಿ ಅತ್ತಿಗೆ ಹೆಸರಿನ ಮುಂದೆ ಏನಿದೆ ಅಂತ ನಿನಗೂ ಗೊತ್ತು, ಅಲ್ವಾ? ಸೀಟು ಹೋದರೆ ಹೋಗಲಿ, ಸುಳ್ಳು ಸರ್ಟಿಫಿಕೇಟಿನ ಕೇಸ್ ಬೀಳುವುದು ಅತ್ತಿಗೆ ಮೇಲೆ. ಏಜೆಂಟ್ ಆ ಹೊತ್ತಿಗೆ ಫೋನ್ ಎತ್ತುವುದಿಲ್ಲ. ಮುಳಬಾಗಿಲಿನಲ್ಲಿ 2013ರಲ್ಲಿ ಗೆದ್ದ ಶಾಸಕರ ಆಯ್ಕೆಯನ್ನೇ ಹೈಕೋರ್ಟ್ ಜಾತಿಯ ಕಾರಣಕ್ಕೆ 2018ರಲ್ಲಿ ಅಸಿಂಧು ಮಾಡಿತು. ನಾವು ಯಾವ ಲೆಕ್ಕ?

ಕೆರೆ ಕಡೆಯ ವಾರ್ಡ್ ಸಾಮಾನ್ಯ ಮಹಿಳೆಗೆ ಬಂದಿದೆ ಅಂತ ನೀನೇ ಹೇಳಿದೆ. ಪಂಚಾಯ್ತಿಯ ಯಾವ ವಾರ್ಡಿನಲ್ಲಿ ವೋಟಿದ್ದರೂ ಅಲ್ಲಿ ನಿಲ್ಲಬಹುದು, ಜಾತಿ ಸರ್ಟಿಫಿಕೇಟೂ ಬೇಡ. ನಮ್ಮವರ ಮನೆ ಅಲ್ಲಿ ಕಡಿಮೆ, ಗೆಲ್ಲುವುದು ಸುಲಭ ಅಲ್ಲ. ಆದರೆ ಪಾರ್ಟಿ ಚಿಹ್ನೆ ಇಲ್ಲದ ಎಲೆಕ್ಷನ್ ಇದು. ಸಂಘದ ಹೆಂಗಸರು ಅಲ್ಲಿ ಜಾಸ್ತಿ ಇದ್ದಾರೆ, ಅವರಿಗೆ ಅತ್ತಿಗೆ ಗೊತ್ತು.

ನಮ್ಮ ವಾರ್ಡಿಗೆ ತಂಗಿಯನ್ನು ಕೇಳು. ಇಲ್ಲೇ ಹುಟ್ಟಿದವಳು, ಮಾವನ ಮನೆಗೇ ಕೊಟ್ಟಿದ್ದರಿಂದ ವೋಟೂ ಇಲ್ಲೇ ಇದೆ. ಅವಳ ಶಾಲೆಯ ಟಿಸಿ, ಅಪ್ಪನದೂ, ಟ್ರಂಕಿನಲ್ಲಿರಬೇಕು, ತೆಗೆದಿಡು. ಅವಳು ಒಲ್ಲೆ ಅಂದರೆ ಬಲವಂತ ಬೇಡ.

ಏಜೆಂಟನಿಗೆ ಅಡ್ವಾನ್ಸ್ ಕೊಟ್ಟಿಲ್ಲ ತಾನೆ? ಕೊಟ್ಟಿದ್ದರೆ ಇವತ್ತೇ ವಾಪಸ್ ಕೇಳು. ನಾಳೆ ಶುಕ್ರವಾರ, ನನಗೆ ರಜೆ. ಫೋನ್ ಮಾಡುತ್ತೇನೆ, ಸೀದಾ ಅತ್ತಿಗೆ ಕೈಗೆ ಕೊಡು.

ನಿನ್ನ ತಮ್ಮ