“ದೊಡ್ಡವರೆಲ್ಲ ಅವನ ಮಾತು ಕೇಳ್ತಿದ್ರಾ?”

ರಾಜ್ಯೋತ್ಸವದ ಛದ್ಮವೇಷಕ್ಕೆ ಹೋದ ಭಾನುವಾರ ಕನ್ನಡ ತರಗತಿಯಲ್ಲಿ ಹೆಸರು ಬರೆದುಕೊಂಡೆವು. ಓಬವ್ವ ಮೂವರು, ಕಿತ್ತೂರು ಚೆನ್ನಮ್ಮ ಇಬ್ಬರು, ಒಬ್ಬ ಪುರಂದರದಾಸ. ಒಂದನೇ ಬೆಂಚಿನ ಪುಟ್ಟ ಮಾತ್ರ “ನಾನು ಇಲ್ಲಿನ ರಾಜ ಆಗ್ತೀನಿ” ಅಂತ ಹಟ ಹಿಡಿದ. ಸರಿ, ಸ್ಕಾಟ್ಲೆಂಡಿನ ಎರಡನೇ ಜೇಮ್ಸ್ ಆಗು, ಅವನು ಪಟ್ಟಕ್ಕೆ ಬಂದಾಗ ನಿನ್ನಷ್ಟೇ, ಆರು ವರ್ಷ ಅಂದದ್ದೇ ತಡ, ಕೇಳಿಯೇ ಬಿಟ್ಟ: “ಹಾಗಾದ್ರೆ ದೊಡ್ಡವರೆಲ್ಲ ಅವನ ಮಾತು ಕೇಳ್ತಿದ್ರಾ?” ಅಷ್ಟರಲ್ಲಿ ಅಪ್ಪ ಅಮ್ಮಂದಿರು ಬಾಗಿಲಿಗೆ ಬಂದರು, ಉತ್ತರ ಅರ್ಧಕ್ಕೇ ನಿಂತಿತು. ಸಂಚಿಕೆ ಇವತ್ತು ರಾತ್ರಿಯೇ ಅಚ್ಚಿಗೆ ಹೋಗಬೇಕು. ಉಳಿದ ಉತ್ತರ ಇಲ್ಲಿದೆ.

ಕೇಳುತ್ತಿರಲಿಲ್ಲ, ಪುಟ್ಟ. ಆದರೆ ಅವನ ಹೆಸರಿಲ್ಲದೆ ಒಂದು ಕಾಗದವೂ ಹೊರಡುತ್ತಿರಲಿಲ್ಲ. ಸ್ಕಾಟ್ಲೆಂಡಿನ ಆ ಕಾಲದ ರಾಜಕೀಯವೆಲ್ಲ ಈ ಎರಡು ಮಾತಿನ ನಡುವೆಯೇ ಇದೆ. 1406ರಿಂದ 1567ರವರೆಗೆ ಪಟ್ಟಕ್ಕೆ ಬಂದ ಏಳು ಜನರಲ್ಲಿ ಒಬ್ಬರೂ ವಯಸ್ಸಿಗೆ ಬಂದವರಲ್ಲ. ಒಂದನೇ ಜೇಮ್ಸ್‌ಗೆ ಹನ್ನೊಂದು, ಎರಡನೆಯವನಿಗೆ ಆರು, ಮೂರನೆಯವನಿಗೆ ಎಂಟೊಂಬತ್ತು, ನಾಲ್ಕನೆಯವನಿಗೆ ಹದಿನೈದು, ಐದನೆಯವನಿಗೆ ಹದಿನೇಳು ತಿಂಗಳು, ರಾಣಿ ಮೇರಿಗೆ ಆರು ದಿನ, ಆರನೇ ಜೇಮ್ಸ್‌ಗೆ ಹದಿಮೂರು ತಿಂಗಳು. ಆದರೂ ಸ್ಟುವರ್ಟ್ ವಂಶದ ಕೈಯಿಂದ ಸಿಂಹಾಸನ ಜಾರಲಿಲ್ಲ.

ನಮ್ಮ ಪುಟ್ಟನ ರಾಜನಿಗೆ ಕಿರೀಟ ಬಂದ ಬಗೆಯನ್ನು ಸ್ವಲ್ಪ ನಿಧಾನವಾಗಿಯೇ ಹೇಳಬೇಕು. ಅವನ ಅಪ್ಪ ಒಂದನೇ ಜೇಮ್ಸ್ ಇಂಗ್ಲೆಂಡಿನಲ್ಲಿ ಹದಿನೆಂಟು ವರ್ಷ ಸೆರೆಯಲ್ಲಿದ್ದು 1424ರಲ್ಲಿ ಬಿಡುಗಡೆಯಾಗಿ ಬಂದವನು. ಬಿಡುಗಡೆಯ ಹಣ 60,000 ಮಾರ್ಕ್, ಅದರಲ್ಲಿ 10,000 ಹೆಂಡತಿ ಜೋನ್ ಬ್ಯೂಫರ್ಟಳ ವರದಕ್ಷಿಣೆ ಅಂತ ವಜಾ. ಆ ಸಾಲ ತೀರಿಸಲು ಪ್ರಜೆಗಳ ಮೇಲೆ ತೆರಿಗೆ ಹಾಕಿದ, ಇಂಗ್ಲೆಂಡಿಗೆ ಕಟ್ಟಿದ್ದು ಅದರಲ್ಲಿ ಅಲ್ಪಭಾಗ. ಹಣ ಲಿನ್‌ಲಿತ್‌ಗೋ ಅರಮನೆಗೂ ಫಿರಂಗಿಗಳಿಗೂ ಹೋಯಿತು, ಒತ್ತೆಯಾಳಾಗಿ ಹೋದ ಗಣ್ಯರ ಮಕ್ಕಳು ಅಲ್ಲೇ ಉಳಿದರು. ತಾನು ಸೆರೆಯಲ್ಲಿದ್ದಾಗ ರಾಜ್ಯ ನಡೆಸಿದ ಆಲ್ಬನಿ ಮನೆತನದ ಮುರ್ಡಾಕ್‌ನನ್ನೂ ಅವನ ಇಬ್ಬರು ಮಕ್ಕಳನ್ನೂ 1425ರಲ್ಲಿ ಸ್ಟರ್ಲಿಂಗ್‌ನಲ್ಲಿ ತಲೆ ತೆಗೆಸಿದ. 1436ರಲ್ಲಿ ಇಂಗ್ಲಿಷರ ಕೈಯಲ್ಲಿದ್ದ ರಾಕ್ಸ್‌ಬರ ಕೋಟೆಗೆ ಹಾಕಿದ ಮುತ್ತಿಗೆಯೂ ಮುರಿದುಬಿತ್ತು. ಅಲ್ಲಿಗೆ ಅವನ ಭಯ ಜನರಿಗೆ ಹೋಯಿತು, ಸಿಟ್ಟು ಉಳಿಯಿತು.

1437ರ ಫೆಬ್ರವರಿ 20ರ ರಾತ್ರಿ ರಾಜ ಪರ್ತ್ ಊರಿನ ಬ್ಲ್ಯಾಕ್‌ಫ್ರಯರ್ಸ್ ಮಠದಲ್ಲಿ ಬಿಡಾರ ಮಾಡಿದ್ದ. ರಾಣಿಯ ಜೊತೆ ಹರಟುತ್ತ, ಮಲಗುವ ಉಡುಪಿನಲ್ಲೇ ಇದ್ದ. ಮಲಗುವ ಮನೆಯ ಉಸ್ತುವಾರಿ ರಾಬರ್ಟ್ ಸ್ಟುವರ್ಟ್, ಅಂದರೆ ರಾಜನ ಚಿಕ್ಕಪ್ಪ ಅಥಾಲ್ ಅರ್ಲ್‌ನ (ಅರ್ಲ್ ಅಂದರೆ ಸೀಮೆಯ ಒಡೆಯ) ಮೊಮ್ಮಗ, ಒಳಗಿನಿಂದಲೇ ದಾರಿ ಮಾಡಿಕೊಟ್ಟ. ಹೊರಗೆ ಆಯುಧದ ಸದ್ದು ಕೇಳಿದ್ದೇ ರಾಜ ಬೆಂಕಿಯ ಇಕ್ಕಳದಿಂದ ನೆಲದ ಹಲಗೆ ಮೀಟಿ ಕೆಳಗಿನ ಕಕ್ಕಸಿನ ಕಾಲುವೆಗೆ ಇಳಿದ. ಅದರ ಬಾಯಿ ಅಂಗಳಕ್ಕೆ ತೆರೆದಿದ್ದರೆ ಬದುಕಿಕೊಳ್ಳುತ್ತಿದ್ದ. ಆದರೆ ಆಡುವಾಗ ಟೆನಿಸ್ ಚೆಂಡುಗಳು ಉರುಳಿ ಅದರೊಳಕ್ಕೆ ಹೋಗುತ್ತವೆ ಅಂತ ಮೂರು ದಿನದ ಹಿಂದೆ ತಾನೇ ಆ ಬಾಯಿಗೆ ಕಲ್ಲು ಕಟ್ಟಿಸಿದ್ದ. ಸರ್ ರಾಬರ್ಟ್ ಗ್ರಹಾಮ್ ಮತ್ತು ಜೊತೆಗಾರರು ಅಲ್ಲೇ ಇರಿದು ಕೊಂದರು. ಬಾಗಿಲ ಅಗುಳಿಯ ಜಾಗಕ್ಕೆ ಕೇಟ್ ಡಗ್ಲಸ್ ಎಂಬಾಕೆ ತನ್ನ ತೋಳು ಕೊಟ್ಟಳು ಅನ್ನುವುದು ಆಮೇಲೆ ಸೇರಿದ ಕಥೆ. ಮಕ್ಕಳಿಗೆ ಹೇಳುವಾಗ ಕಥೆ ಅಂತಲೇ ಹೇಳಿ.

ಕೊಂದವರು ಎಡವಿದ್ದು ಎಲ್ಲಿ? ರಾಣಿ ಗಾಯಗೊಂಡು ತಪ್ಪಿಸಿಕೊಂಡಳು, ಹುಡುಗ ಅವರ ಕೈಗೆ ಸಿಗಲಿಲ್ಲ. ರಾಜನನ್ನು ಕೊಂದರೆ ಸಾಲದು, ಮುಂದಿನ ರಾಜ ಯಾರ ಮನೆಯಲ್ಲಿದ್ದಾನೆ ಎನ್ನುವುದೇ ಮುಖ್ಯ. ವಾಡಿಕೆಯಂತೆ ಸ್ಕೂನ್‌ನಲ್ಲಿ ನಡೆಯಬೇಕಾದ ಪಟ್ಟಾಭಿಷೇಕ ಮಾರ್ಚ್ 25ರಂದು ಎಡಿನ್‌ಬರದ ಹಾಲಿರೂಡ್‌ನಲ್ಲಿ ಆಯಿತು. ಸ್ಕೂನ್ ಪರ್ತ್‌ಗೆ ತೀರ ಹತ್ತಿರ, ಹುಡುಗನನ್ನು ಅಲ್ಲಿಗೆ ಒಯ್ಯುವ ಧೈರ್ಯ ಯಾರಿಗಿದ್ದೀತು!

ಆಮೇಲಿನ ಹತ್ತು ಹನ್ನೆರಡು ವರ್ಷ ಕೋಟೆಯ ಬೀಗದ ಕೈ ಇದ್ದವನದೇ ರಾಜ್ಯ. ಎಡಿನ್‌ಬರ ಕೋಟೆ ವಿಲಿಯಂ ಕ್ರೈಟನ್‌ನ ಕೈಯಲ್ಲಿ, ಸ್ಟರ್ಲಿಂಗ್ ಅಲೆಕ್ಸಾಂಡರ್ ಲಿವಿಂಗ್‌ಸ್ಟನ್‌ನ ಕೈಯಲ್ಲಿ. ರಾಣಿ ಮರುಮದುವೆಯಾದದ್ದೇ ನೆಪವಾಗಿ 1439ರಲ್ಲಿ ಲಿವಿಂಗ್‌ಸ್ಟನ್ ಅವಳನ್ನು ಸೆರೆಯಲ್ಲಿಟ್ಟು, ಮಗನನ್ನು ಬಿಟ್ಟುಕೊಡುವ ಒಪ್ಪಂದ ಬರೆಸಿಕೊಂಡ. 1440ರ ನವೆಂಬರ್ 24ರಂದು ಡಗ್ಲಸ್ ಮನೆತನದ ಎಳೆಯ ಅರ್ಲ್‌ನನ್ನೂ ಅವನ ತಮ್ಮನನ್ನೂ ಎಡಿನ್‌ಬರ ಕೋಟೆಗೆ ಊಟಕ್ಕೆ ಕರೆದು ತಲೆ ಕಡಿದರು. ರಾಜನಿಗೆ ಆಗ ಹತ್ತು ವರ್ಷ. ಊಟದ ಮಧ್ಯೆ ಕರಿ ಗೂಳಿಯ ತಲೆ ತಂದಿಟ್ಟರು ಅನ್ನುವುದೂ ಆಮೇಲಿನ ಸೇರ್ಪಡೆ. ಅರ್ಲ್ ಪದವಿ ಮಾತ್ರ ಆ ಹುಡುಗರ ತಾತನ ತಮ್ಮನಿಗೇ ದಕ್ಕಿತು, ಇದನ್ನು ಮರೆಯಬಾರದು.

ಇಷ್ಟಾಗಿಯೂ ಆರು ವರ್ಷದ ಹುಡುಗನನ್ನು ತಳ್ಳಿ ಯಾರೂ ತಾನೇ ರಾಜ ಅನ್ನಲಿಲ್ಲವೇಕೆ? ನಮ್ಮ ವಿಜಯನಗರವನ್ನು ಪಕ್ಕದಲ್ಲಿಟ್ಟು ನೋಡಿ. 1491ರಲ್ಲಿ ಸಾಳುವ ನರಸಿಂಹ ತೀರಿಕೊಂಡಾಗ ಮಕ್ಕಳು ಚಿಕ್ಕವರು, ನೋಡಿಕೊಳ್ಳಲು ನಿಂತವನು ದಂಡನಾಯಕ ತುಳುವ ನರಸನಾಯಕ. ಇಮ್ಮಡಿ ನರಸಿಂಹನನ್ನು ಪೆನುಕೊಂಡೆಯಲ್ಲಿಟ್ಟು ರಾಜ್ಯವನ್ನು ಅವನೇ ನಡೆಸಿದ. 1505ರಲ್ಲಿ ಅವನ ಮಗ ವೀರನರಸಿಂಹ ಸಿಂಹಾಸನವನ್ನೇ ಏರಿದ, 1509ರಲ್ಲಿ ಇನ್ನೊಬ್ಬ ಮಗ ಕೃಷ್ಣದೇವರಾಯ. ಅಲ್ಲಿ ದಂಡು ಒಬ್ಬನ ಕೈಯಲ್ಲಿತ್ತು. ಇಲ್ಲಿ ಹಾಗಿರಲಿಲ್ಲ. ಒಂದನೇ ಜೇಮ್ಸ್‌ನ ತಾತ ಎರಡನೇ ರಾಬರ್ಟ್‌ನ ಎರಡು ಮದುವೆಯ ಸಂತಾನ ರಾಜ್ಯದ ತುಂಬ ಹಬ್ಬಿತ್ತು. ಒಬ್ಬ ದಾಯಾದಿ ಕಿರೀಟಕ್ಕೆ ಕೈ ಹಾಕಿದರೆ ಉಳಿದವರೆಲ್ಲ ಒಂದಾಗುತ್ತಿದ್ದರು. ಹುಡುಗನನ್ನು ಮುಂದಿಟ್ಟುಕೊಂಡು ಅವನ ಮುದ್ರೆಯೊತ್ತಿ ಜಮೀನು, ಹುದ್ದೆ ಮಾಡಿಕೊಳ್ಳುವುದೇ ಲಾಭ. ಅದಕ್ಕೂ ಒಂದು ಕಡಿವಾಣವಿತ್ತು: ರಾಜ ಚಿಕ್ಕವನಿದ್ದಾಗ ಕೊಟ್ಟ ದಾನಗಳನ್ನೆಲ್ಲ ಇಪ್ಪತ್ತೈದು ತುಂಬಿದ ಮೇಲೆ ಅವನು ವಾಪಸು ಪಡೆಯಬಹುದು. 1498ರಲ್ಲಿ ನಾಲ್ಕನೇ ಜೇಮ್ಸ್ ಇದನ್ನೇ ಮಾಡಿದ.

ಎರಡನೇ ಜೇಮ್ಸ್ ಅಷ್ಟು ಕಾಯಲಿಲ್ಲ. 1449ರ ಜುಲೈನಲ್ಲಿ ಮದುವೆ, ಸೆಪ್ಟೆಂಬರಿನಲ್ಲಿ ಲಿವಿಂಗ್‌ಸ್ಟನ್ನರ ಬಂಧನ. 1452ರ ಫೆಬ್ರವರಿ 22ರಂದು, ಅಭಯಪತ್ರ ಕೊಟ್ಟು ಸ್ಟರ್ಲಿಂಗ್‌ಗೆ ಕರೆಸಿಕೊಂಡಿದ್ದ ಎಂಟನೇ ಡಗ್ಲಸ್ ಅರ್ಲ್‌ನನ್ನು, ಬೇರೆ ಅರ್ಲ್‌ಗಳ ಜೊತೆಗಿನ ಕರಾರು ಮುರಿಯಲೊಪ್ಪದ್ದಕ್ಕೆ ಸ್ವತಃ ಇರಿದ. ಹೆಣದ ಮೇಲೆ 26 ಗಾಯ. ತಿಂಗಳೊಳಗೆ ಸತ್ತವನ ತಮ್ಮ ಆ ಅಭಯಪತ್ರವನ್ನು ಕುದುರೆಯ ಬಾಲಕ್ಕೆ ಕಟ್ಟಿ ಬೀದಿಯಲ್ಲಿ ಎಳೆಸಿ ಊರಿಗೆ ಬೆಂಕಿ ಇಟ್ಟ. ಪಾರ್ಲಿಮೆಂಟು ಜೂನ್‌ನಲ್ಲಿ ರಾಜನದು ತಪ್ಪಿಲ್ಲ ಎಂದಿತು, 1455ಕ್ಕೆ ಆ ಮನೆತನದ ಆಸ್ತಿ ಮುಟ್ಟುಗೋಲಾಯಿತು.

ಇಲ್ಲಿ ಸೂಚನೆಗಳನ್ನು ತುರುಕಲೇಬೇಕು, ಬೇರೆ ಪುಟ ಉಳಿದಿಲ್ಲ. ರಾಜ್ಯೋತ್ಸವ ನವೆಂಬರ್ ಮೊದಲ ಶನಿವಾರ, ಅದೇ ಹಾಲ್, ಮಧ್ಯಾಹ್ನ 2ಕ್ಕೆ. ಬಿಸಿಬೇಳೆ ಭಾತ್ ನಮ್ಮದು, ಮೊಸರನ್ನ ಮತ್ತು ಸಿಹಿ ತರುವವರು ಬುಧವಾರದೊಳಗೆ ಹೇಳಿ. ಛದ್ಮವೇಷದ ಮಕ್ಕಳು ಅರ್ಧ ಗಂಟೆ ಮೊದಲೇ ಬರಲಿ. ದೀಪಾವಳಿಗೆ ಹಾಲ್ ಒಳಗೆ ಎಣ್ಣೆ ದೀಪ ಹಚ್ಚುವಂತಿಲ್ಲ. ಪುಟ ಜೋಡಿಸಿಕೊಡುತ್ತಿದ್ದ ದಂಪತಿ ಮೈಸೂರಿಗೆ ವಾಪಸು ಹೊರಟಿದ್ದಾರೆ. ಕನ್ನಡ ಟೈಪಿಂಗ್ ಬರುವ ಒಬ್ಬರಾದರೂ ಮುಂದೆ ಬರದಿದ್ದರೆ ಯುಗಾದಿ ಸಂಚಿಕೆ ಹೊರಡುವುದು ಕಷ್ಟ. ದಯವಿಟ್ಟು ಬನ್ನಿ, ತಿಂಗಳಿಗೆ ಎರಡು ಸಂಜೆ ಸಾಕು. ಎಡಿನ್‌ಬರ ಕೋಟೆ ಪ್ರವಾಸಕ್ಕೂ ಹೆಸರು ಕೊಡಿ.

ಕೋಟೆಗೆ ಹೋದಾಗ ಮಕ್ಕಳನ್ನು ಮಾನ್ಸ್ ಮೆಗ್ ಹತ್ತಿರ ನಿಲ್ಲಿಸಿ. 1449ರಲ್ಲಿ ಮಾಡಿ, 1457ರಲ್ಲಿ ಬರ್ಗಂಡಿಯ ದೊರೆ ಫಿಲಿಪ್ ಎರಡನೇ ಜೇಮ್ಸ್‌ಗೆ ಕಳಿಸಿದ ಫಿರಂಗಿ ಅದು. ತೂಕ ಆರು ಟನ್ನಿಗೂ ಮೇಲೆ, ಬಾಯಿ 20 ಅಂಗುಲ. ಕಬ್ಬಿಣದ ಉದ್ದ ಪಟ್ಟಿಗಳನ್ನು ಪೀಪಾಯಿಯ ಹಲಗೆಯಂತೆ ಸುತ್ತ ಜೋಡಿಸಿ, ಎತ್ತಿನ ಗಾಡಿಯ ಚಕ್ರಕ್ಕೆ ಹಳಿ ಕಟ್ಟುವಂತೆ ಕಾಯಿಸಿದ ಬಳೆಗಳನ್ನು ಮೇಲೆ ತೊಡಿಸಿದ್ದಾರೆ. ತಣಿದಾಗ ಬಳೆ ಬಿಗಿಯುತ್ತದೆ. ಒಂದು ಬಳೆ ಸಡಿಲವಾದರೂ ಮದ್ದಿನ ಒತ್ತಡ ಅಲ್ಲೇ ನುಗ್ಗುತ್ತದೆ. 1681ರಲ್ಲಿ ಇದು ಸಿಡಿದಾಗ ಬಳೆ ಕಿತ್ತುಹೋದ ಜಾಗದಲ್ಲಿ ಒಳಗಿನ ಪಟ್ಟಿಗಳು ಇಂದಿಗೂ ಕಾಣುತ್ತವೆ. 1460ರ ಆಗಸ್ಟ್ 3ರಂದು ರಾಕ್ಸ್‌ಬರದ ಮುಂದೆ ಸಿಡಿದದ್ದು ಬೇರೆ ಫಿರಂಗಿ. ಪಕ್ಕದಲ್ಲೇ ನಿಂತಿದ್ದ ರಾಜನ ತೊಡೆಯ ಮೂಳೆ ಮುರಿದು ಪ್ರಾಣ ಹೋಯಿತು. ಇಪ್ಪತ್ತೊಂಬತ್ತು ವರ್ಷ. ಅವನ ಹೆಂಡತಿ ರಾಣಿ ಮೇರಿ ಮುತ್ತಿಗೆ ಬಿಡಲಿಲ್ಲ, ಕೋಟೆ ಕೈಗೆ ಬಂತು. ವಾರಕ್ಕೆ ಸರಿಯಾಗಿ ಪಕ್ಕದ ಕೆಲ್ಸೋದಲ್ಲಿ ಎಂಟೊಂಬತ್ತು ವರ್ಷದ ಮಗನಿಗೆ ಕಿರೀಟ ಇಟ್ಟರು.

ಪುಟ್ಟನ ಅಮ್ಮನಿಗೆ ಒಂದು ಮಾತು: ಎರಡನೇ ಜೇಮ್ಸ್‌ನ ಮುಖದ ಒಂದು ಪಕ್ಕಕ್ಕೆ ಹುಟ್ಟಿನಿಂದಲೇ ಕೆಂಪು ಮಚ್ಚೆ ಇತ್ತು, ‘ಬೆಂಕಿ ಮುಖದವನು’ ಅಂತಲೇ ಅವನನ್ನು ಕರೆಯುತ್ತಿದ್ದರು. ಕುಂಕುಮಕ್ಕೆ ಸ್ವಲ್ಪ ಕೊಬ್ಬರಿ ಎಣ್ಣೆ ಕಲಸಿ ಹಚ್ಚಿ. ಕಣ್ಣಿಗೆ ತಾಗದಿರಲಿ.