ಬಿಲ್ ಡೇಟಾಕ್ಕೆ ಹೊಸ ಜಾಗ, ಮೆನುವಿನಲ್ಲಿ ಎಕ್ಸ್‌ಪೋರ್ಟ್

ಪ್ರಿಯ ಗ್ರಾಹಕರೇ,

ನಮ್ಮ ಬಿಲ್ಲಿಂಗ್ ಸಾಫ್ಟ್‌ವೇರ್‌ನ ಹೊಸ ಆವೃತ್ತಿಯಲ್ಲಿ ಡೇಟಾ ಉಳಿಯುವ ಜಾಗ ಬದಲಾಗಿದೆ. ಮೆನುವಿಗೆ ಬಿಲ್‌ಗಳನ್ನು ಫೈಲಾಗಿ ಹೊರತೆಗೆಯುವ ‘ಎಕ್ಸ್‌ಪೋರ್ಟ್’ ಬಟನ್ ಕೂಡ ಸೇರಿದೆ.

‘ಸೇವ್ ಒತ್ತಿದರೂ ಬಿಲ್ ಉಳಿಯುತ್ತಿಲ್ಲ’ ಎಂದು ನಿಮ್ಮಲ್ಲಿ ಕೆಲವರು ತಿಳಿಸಿದ್ದಿರಿ. ಇದುವರೆಗೆ ಬಿಲ್‌ಗಳೆಲ್ಲ ಬ್ರೌಸರ್‌ನ ಲೋಕಲ್ ಸ್ಟೋರೇಜ್‌ನಲ್ಲಿ, ಅಂದರೆ ಸೈಟ್‌ಗಳ ಡೇಟಾಕ್ಕೆಂದು ಬ್ರೌಸರ್ ನಿಮ್ಮ ಕಂಪ್ಯೂಟರ್‌ನಲ್ಲೇ ಇಡುವ ಪುಟ್ಟ ಜಾಗದಲ್ಲಿ, ಇರುತ್ತಿದ್ದವು. ಅಲ್ಲಿ ಒಂದು ಸೈಟಿಗೆ ಸಿಗುವುದು ಸುಮಾರು 5 ಎಂಬಿ. ಬರೀ ಹೆಸರು, ಮೊತ್ತಕ್ಕೆ ಅದು ಧಾರಾಳ. ಆದರೆ ಫೋಟೊಗಳನ್ನು ಅಲ್ಲಿ ಇಡಬೇಕಾದರೆ ಅಕ್ಷರಗಳಾಗಿ ಬದಲಿಸಬೇಕು. ಆಗ ಗಾತ್ರ ಮೂರನೇ ಒಂದು ಪಾಲಿನಷ್ಟು ಜಾಸ್ತಿಯಾಗುತ್ತದೆ. ಬಿಲ್ ಜೊತೆ ಫೋಟೊ ಸೇರಿಸುವವರಿಗೇ ಈ ತೊಂದರೆ ಬಂದದ್ದು ಅದಕ್ಕೇ. ಜಾಗ ತುಂಬಿದರೆ ಬ್ರೌಸರ್ ಹಳೆಯದನ್ನು ಮುಟ್ಟುವುದಿಲ್ಲ, ಹೊಸದನ್ನು ಒಳಗೆ ಬಿಡುವುದಿಲ್ಲ.

ಇನ್ನು ಮುಂದೆ ಡೇಟಾ ಇಂಡೆಕ್ಸ್‌ಡ್ ಡಿಬಿಯಲ್ಲಿ ಇರುತ್ತದೆ. ಅದೂ ಬ್ರೌಸರ್ ಒಳಗಿನದೇ, ಆದರೆ ಜಾಗ ಎಷ್ಟೋ ಪಟ್ಟು ಜಾಸ್ತಿ. ಫೋಟೊಗಳನ್ನು ಇದ್ದ ಹಾಗೇ ಇಡಬಹುದು. ಹೊಸ ಆವೃತ್ತಿ ತೆರೆದಾಗ ಹಳೆಯ ಬಿಲ್‌ಗಳು ತಾವಾಗಿಯೇ ಅಲ್ಲಿಗೆ ಹೋಗುತ್ತವೆ. ಅಲ್ಲಿಯವರೆಗೆ ದಯವಿಟ್ಟು ಬ್ರೌಸಿಂಗ್ ಡೇಟಾ ಅಳಿಸಬೇಡಿ.

ಜಾಗ ದೊಡ್ಡದಾದರೂ ಅದು ಬ್ರೌಸರ್‌ನದ್ದೇ, ಅಲ್ವಾ? ಯಾರೋ ಸೈಟ್ ಡೇಟಾ ಅಳಿಸಿದರೆ ಎಲ್ಲವೂ ಹೋಯಿತು. ಆಪಲ್‌ನ ಸಫಾರಿ ಬ್ರೌಸರ್ ಅಂತೂ 2020ರಿಂದ, ಬ್ರೌಸರ್ ಬಳಸಿದ 7 ದಿನಗಳಲ್ಲಿ ಒಮ್ಮೆಯೂ ನೀವು ಮುಟ್ಟದ ಸೈಟಿನ ಇಂಥ ಡೇಟಾವನ್ನು ತಾನೇ ತೆಗೆದುಹಾಕುತ್ತದೆ. ಎಕ್ಸ್‌ಪೋರ್ಟ್ ಕೊಟ್ಟಿರುವುದು ಇದಕ್ಕೇ.

ಬ್ಯಾಕಪ್‌ಗೆ ‘ಜೇಸನ್’ (JSON) ಎಂಬ ಫೈಲ್ ಮಾದರಿ ಆರಿಸಿ. ಫೋಟೊ ಸಮೇತ ಎಲ್ಲವೂ ಅದರಲ್ಲಿ ಬರುತ್ತದೆ, ನಮ್ಮ ಸಾಫ್ಟ್‌ವೇರ್‌ಗೆ ವಾಪಸ್ ಇಂಪೋರ್ಟ್ ಆಗುವುದೂ ಅದೊಂದೇ. ಎಕ್ಸೆಲ್‌ನಲ್ಲಿ ನೋಡಲು, ಲೆಕ್ಕ ನೋಡುವವರಿಗೆ ಕಳಿಸಲು ‘ಸಿಎಸ್‌ವಿ’ (CSV), ಅಂದರೆ ಸಾಲು-ಕಾಲಂಗಳ ಸರಳ ಪಟ್ಟಿ, ಸಾಕು. ಕನ್ನಡ ಹೆಸರುಗಳು ಎಕ್ಸೆಲ್‌ನಲ್ಲಿ ವಿಚಿತ್ರ ಚಿಹ್ನೆಗಳಾಗಿ ಕಾಣದಂತೆ ಫೈಲಿನ ಮೊದಲಲ್ಲೇ ಯುಟಿಎಫ್-8 ಗುರುತು ಹಾಕಿದ್ದೇವೆ. ಒಂದು ಕಿರಿಕಿರಿ ಮಾತ್ರ ನಮ್ಮ ಕೈಯಲ್ಲಿಲ್ಲ. ಬಿಲ್ ನಂಬರ್ 00125 ಇದ್ದರೆ ಎಕ್ಸೆಲ್ ಅದನ್ನು 125 ಎಂದು ತೋರಿಸುತ್ತದೆ. ಸುಮ್ನೆ ನೋಡಿ ಮುಚ್ಚಿದರೆ ಫೈಲಿಗೆ ಏನೂ ಆಗುವುದಿಲ್ಲ. ಅಲ್ಲೇ ಸೇವ್ ಮಾಡಿದರೆ ಮುಂದಿನ ಸೊನ್ನೆಗಳು ಹೋಗುತ್ತವೆ. ತಿದ್ದಬೇಕಿದ್ದರೆ ಫೈಲನ್ನು ಎಕ್ಸೆಲ್‌ಗೆ ಇಂಪೋರ್ಟ್ ಮಾಡುವಾಗಲೇ ಆ ಕಾಲಂ ಅನ್ನು ‘ಟೆಕ್ಸ್ಟ್’ ಎಂದು ಆರಿಸಿಕೊಳ್ಳಿ.

ಎಕ್ಸ್‌ಪೋರ್ಟ್ ಮಾಡಿದ ಫೈಲಿಗೆ ಪಾಸ್‌ವರ್ಡ್ ಇರುವುದಿಲ್ಲ. ನಿಮ್ಮ ಗ್ರಾಹಕರ ಫೋನ್ ನಂಬರ್‌ಗಳೂ ಅದರಲ್ಲಿ ಇರುತ್ತವೆ. ಹಲವರು ಬಳಸುವ ಕಂಪ್ಯೂಟರ್ ಆದರೆ ಡೌನ್‌ಲೋಡ್ಸ್ ಫೋಲ್ಡರ್‌ನಲ್ಲಿ ಹಾಗೇ ಬಿಡಬೇಡಿ, ಪೆನ್‌ಡ್ರೈವ್‌ಗೆ ಹಾಕಿಕೊಂಡು ಆ ಫೋಲ್ಡರ್‌ನಿಂದ ಅಳಿಸಿ.

ಈ ಎರಡೂ ಬದಲಾವಣೆಗೆ ಹೆಚ್ಚಿನ ಹಣ ಕೊಡಬೇಕಿಲ್ಲ.

ಇಂತಿ ನಿಮ್ಮ,
ಸಾಫ್ಟ್‌ವೇರ್ ತಂಡ