ಮಗಳಿಗೊಂದು ಪತ್ರ: ಮೈತ್ರೇಯಿ ಬೇಡ ಅಂದಿದ್ದು

ಕಲಬುರಗಿ

ಪ್ರೀತಿಯ ಮಗಳಿಗೆ,

ಮೊನ್ನೆ ಫೋನಿನಲ್ಲಿ ನಾನು ಹೊಲದ ವಾಟ್ನಿ, ಅಂದರೆ ಪಾಲು ಹಂಚುವ ಮಾತು ತೆಗೆದ ಕೂಡಲೇ ನೀನು ನಕ್ಕುಬಿಟ್ಟೆ. "ನನಗ್ಯಾಕೆ ಅಪ್ಪಾಜಿ, ತಮ್ಮನ ಹೆಸರಿಗೇ ಮಾಡಿಬಿಡಿ. ಮೈತ್ರೇಯಿ ಕಥೆ ಹೇಳಿ ಬೆಳೆಸಿದವರು ನೀವೇ ಅಲ್ವಾ?" ಅಂದೆ. ಆಗ ನನಗೆ ಉತ್ತರ ಹೊಳೆಯಲಿಲ್ಲ. ರಾತ್ರಿ ಬೃಹದಾರಣ್ಯಕ ಉಪನಿಷತ್ತು ತೆಗೆದು ಕೂತೆ. ಆ ಕಥೆಯನ್ನು ನಿನಗೆ ಅರ್ಧವೇ ಹೇಳಿದ್ದೆ ಅನ್ನಿಸಿತು.

ಋಷಿ ಯಾಜ್ಞವಲ್ಕ್ಯ ಮನೆ ಬಿಟ್ಟು ಹೊರಟಿದ್ದಾನೆ. ಇಬ್ಬರು ಹೆಂಡತಿಯರು, ಮೈತ್ರೇಯಿ ಮತ್ತು ಕಾತ್ಯಾಯನಿ. ಇದ್ದುದನ್ನು ಇಬ್ಬರಿಗೂ ಹಂಚಿ ಹೋಗ್ತೀನಿ ಅಂತಾನೆ. ಮೈತ್ರೇಯಿ ಕೇಳ್ತಾಳೆ: ಈ ಭೂಮಿ ತುಂಬ ಸಂಪತ್ತು ಸಿಕ್ಕರೆ ನನಗೆ ಸಾವು ತಪ್ಪುತ್ತಾ? ಇಲ್ಲ, ಉಳ್ಳವರ ಬದುಕಿನ ಹಾಗೆ ನಿನ್ನ ಬದುಕೂ ಆಗುತ್ತೆ, ಅಷ್ಟೇ ಅಂತಾನೆ ಅವನು. ಹಾಗಾದರೆ ಅದನ್ನು ಕಟ್ಟಿಕೊಂಡು ಏನು ಮಾಡಲಿ, ನಿನಗೆ ಗೊತ್ತಿರುವುದನ್ನೇ ಹೇಳು ಅಂತಾಳೆ. ಗಂಡ, ಹೆಂಡತಿ, ಮಕ್ಕಳು, ದುಡ್ಡು ಯಾವುದೂ ಅದಕ್ಕೋಸ್ಕರ ಪ್ರಿಯವಾಗುವುದಿಲ್ಲ, ಆತ್ಮಕ್ಕೋಸ್ಕರ ಪ್ರಿಯವಾಗುತ್ತೆ ಅನ್ನುವ ಮಾತು ಬರುವುದು ಅಲ್ಲೇ. ನೀರಿಗೆ ಹಾಕಿದ ಉಪ್ಪಿನ ಹರಳಿನ ಮಾತೂ ಅಲ್ಲೇ. ಹರಳನ್ನು ವಾಪಸ್ ಹಿಡಿಯೋಕೆ ಆಗಲ್ಲ, ಎಲ್ಲಿ ಬಾಯಿಗೆ ಹಾಕಿಕೊಂಡರೂ ಉಪ್ಪೇ. ಸತ್ತ ಮೇಲೆ ಅರಿವು ಉಳಿಯಲ್ಲ ಅಂತ ಅವನು ಅಂದಾಗ ಮೈತ್ರೇಯಿ ತಲೆ ಆಡಿಸಿ ಸುಮ್ನೆ ಕೂರುವುದಿಲ್ಲ. ನನ್ನನ್ನ ಗೊಂದಲಕ್ಕೆ ಹಾಕಿದೆ ನೋಡು ಅಂತ ತಡೆದು ಕೇಳ್ತಾಳೆ. ನನಗೆ ಅವಳು ಇಷ್ಟವಾಗುವುದೇ ಅದಕ್ಕೆ. ಕಾತ್ಯಾಯನಿ ಮಾತ್ರ ಇಡೀ ಕಥೆಯಲ್ಲಿ ಒಂದು ಮಾತೂ ಆಡುವುದಿಲ್ಲ.

ನಾನು ಹೇಳದೆ ಬಿಟ್ಟಿದ್ದು ಇದು. ಪಾಲು ಅವಳ ಮುಂದೆ ಇತ್ತು. ಕೊಡ್ತೀನಿ ಅಂತ ಕೊಡುವವನೇ ಬಾಯಿ ಬಿಟ್ಟು ಹೇಳಿದ್ದ. ಆಮೇಲೆ ಅವಳು ಬೇಡ ಅಂದಳು.

ನಿನ್ನ ಅತ್ತೆ, ನನ್ನ ಅಕ್ಕನದು ಹಾಗಲ್ಲ. 1999ರಲ್ಲಿ ನಿಮ್ಮ ಅಜ್ಜ ಹೋದ ಮೇಲೆ ಅವಳನ್ನು ಕರೆಸಿ ಹಕ್ಕು ಬಿಡುಗಡೆ ಪತ್ರಕ್ಕೆ ಸಹಿ ಹಾಕಿಸಿಕೊಂಡವನು ನಾನೇ. ಅಜ್ಜನ ಪಾಲಿನಲ್ಲಿ ಅವಳಿಗೂ ಹಕ್ಕಿತ್ತು, ಸಹಿ ಬೇಕಾಗಿದ್ದೇ ಅದಕ್ಕೆ. ಎಷ್ಟು ಎಕರೆ, ಎಷ್ಟು ಗುಂಟೆ ಅಂತ ನಾನು ಹೇಳಲಿಲ್ಲ, ಅವಳು ಕೇಳಲಿಲ್ಲ. ಪೆನ್ನು ಬರೆಯಲಿಲ್ಲ ಅಂತ ಎರಡು ಸಲ ಕೊಡವಿ ಸಹಿ ಹಾಕಿದಳು. "ನನಗೇನ್ ಬೇಕೋ ತಮ್ಮಾ, ತವರಮನಿ ಬಾಗಲಾ ತೆರದಿದ್ರ ಸಾಕು" ಅಂದಳು. ಒಂದು ಇಳಕಲ್ ಸೀರೆ ಕೊಡಿಸಿ ಬಸ್ಸು ಹತ್ತಿಸಿದೆ. ಅಕ್ಕ ದೊಡ್ಡ ಮನಸ್ಸಿನವಳು ಅಂತ ಊರೆಲ್ಲ ಹೇಳಿಕೊಂಡು ತಿರುಗಿದೆ!

ಯಾಜ್ಞವಲ್ಕ್ಯನ ಹೆಸರಿನಲ್ಲೇ ಒಂದು ಸ್ಮೃತಿ, ಅಂದರೆ ಧರ್ಮಶಾಸ್ತ್ರದ ಗ್ರಂಥ ಇದೆ, ಉಪನಿಷತ್ತಿಗಿಂತ ಎಷ್ಟೋ ಕಾಲ ಆಮೇಲಿನದು. ಅದಕ್ಕೆ ಮಿತಾಕ್ಷರ ಅನ್ನುವ ವ್ಯಾಖ್ಯಾನ ಬರೆದ ವಿಜ್ಞಾನೇಶ್ವರ ನಮ್ಮವನೇ. ನಮ್ಮ ಹೊಲದ ಹತ್ತಿರದ ಮರತೂರು ಅವನ ಊರು ಅಂತಾರೆ. ಬರೆದಿದ್ದು ಚಾಲುಕ್ಯ ದೊರೆ ಆರನೇ ವಿಕ್ರಮಾದಿತ್ಯನ ಕಾಲದ ಕಲ್ಯಾಣದಲ್ಲಿ, ಈಗಿನ ಬಸವಕಲ್ಯಾಣ. ಮಿತಾಕ್ಷರ ಅಂದರೆ ಅಳೆದು ತೂಗಿದ ಮಾತು. ಪುಸ್ತಕ ಮಾತ್ರ ದಪ್ಪಗಿದೆ. ಪಿತ್ರಾರ್ಜಿತದಲ್ಲಿ ಗಂಡುಮಗನಿಗೆ ಹುಟ್ಟಿನಿಂದಲೇ ಹಕ್ಕು ಅಂದವನು ಅವನು. ಹಾಗಂತ ಹೆಂಗಸರನ್ನು ಪೂರ್ತಿ ಕೈಬಿಟ್ಟವನಲ್ಲ. ಮದುವೆಯಾಗದ ಅಕ್ಕತಂಗಿಯರಿಗೆ ನಾಲ್ಕನೇ ಒಂದು ಪಾಲಿನ ಲೆಕ್ಕ ಇಟ್ಟ. ಹೆಣ್ಣಿಗೆ ವಾರಸಾಗಿ ಬಂದಿದ್ದೂ ಸ್ತ್ರೀಧನವೇ, ಅವಳದೇ ಆಸ್ತಿ ಅಂದ. ಹುಟ್ಟಿನ ಹಕ್ಕು ಮಗಳಿಗೂ ಬರೋಕೆ ಹಿಂದೂ ಉತ್ತರಾಧಿಕಾರ ಕಾಯ್ದೆಗೆ 2005ರ ತಿದ್ದುಪಡಿ ಬೇಕಾಯಿತು. ನಮ್ಮ ರಾಜ್ಯದಲ್ಲಿ 1994ರಲ್ಲೇ ಬಂದಿತ್ತು, ಆದರೆ ಅಷ್ಟರೊಳಗೆ ಮದುವೆಯಾದವರಿಗೆ ಇರಲಿಲ್ಲ. ಅತ್ತೆಯ ಮದುವೆ ಅದಕ್ಕಿಂತ ಮುಂಚೆ. ಹಾಗಾಗಿ ಆಗ ಅವಳಿಗಿದ್ದ ಹಕ್ಕು ಅಜ್ಜನ ಪಾಲಿನಲ್ಲಿ ಮಾತ್ರ.

ಇನ್ನೊಂದು ಮಾತು. ಅದೇ ಬೃಹದಾರಣ್ಯಕದ ಕೊನೆಯಲ್ಲಿ, ವಿದ್ಯಾವಂತ ಮಗಳು ಬೇಕು ಅನ್ನುವವರು ಎಳ್ಳಿನ ಅನ್ನ ಮಾಡಿ ತುಪ್ಪ ಹಾಕಿಕೊಂಡು ಉಣ್ಣಬೇಕು ಅಂತಿದೆ. ಶಂಕರಾಚಾರ್ಯರು ಭಾಷ್ಯದಲ್ಲಿ, ಮಗಳ ಪಾಂಡಿತ್ಯ ಅಂದರೆ ಮನೆಗೆಲಸದ ಮಟ್ಟಿಗೆ ಅಂತ ಅರ್ಥ ಹೇಳಿದರು. ಅವರ ಪಾಂಡಿತ್ಯಕ್ಕೆ ಕೈ ಮುಗೀತೀನಿ, ಈ ಮಾತು ಮಾತ್ರ ನನಗೆ ಒಪ್ಪಿಗೆ ಇಲ್ಲ. ಮೂಲದಲ್ಲಿ ಮಗಳಿಗೆ ಹೇಳಿರುವುದು ಪಂಡಿತೆ ಅಂತಲೇ. ಮನೆಗೆಲಸ ಅಂತ ಇಲ್ಲ.

ಎಳ್ಳ ಅಮಾವಾಸ್ಯೆಗೆ ಬಾ. ಹೊಲದಲ್ಲಿ ಚರಗ ಚೆಲ್ಲಿ, ಬಜ್ಜಿ ಉಂಡು, ಬದುವಿನ ಮೇಲೆ ಓಡಾಡಿ ನಿನ್ನ ಪಾಲು ಎಲ್ಲಿಂದ ಎಲ್ಲಿಗೆ ಅಂತ ಮೊದಲು ಕಣ್ಣಾರೆ ನೋಡು. ಪಹಣಿಯಲ್ಲಿ ಹೆಸರು ಬರಲಿ. ಆಮೇಲೆ ಇಟ್ಟುಕೋ, ತಮ್ಮನಿಗೆ ಕೊಡು, ಅದು ನಿನ್ನಿಷ್ಟ. ನನ್ನ ಪಾಲಿನಲ್ಲಿ ಒಂದು ಎಕರೆ ಅತ್ತೆಯ ಹೆಸರಿಗೆ ಮಾಡ್ತೀನಿ ಅಂತ ಫೋನ್ ಮಾಡಿದ್ದೆ. ಸ್ವಲ್ಪ ಹೊತ್ತು ಸುಮ್ಮನಿದ್ದು, "ಅದರಾಗ ತೊಗರಿ ಹ್ಯಾಂಗ ಬಂದದ?" ಅಂತ ಕೇಳಿದಳು. ಹೂಂ ಅಂತ ಇನ್ನೂ ಅಂದಿಲ್ಲ. ಹಬ್ಬಕ್ಕಂತೂ ಬರ್ತಾಳೆ. ಸಜ್ಜೆ ರೊಟ್ಟಿಗೆ ಎಳ್ಳು ಹಚ್ಚುವ ಕೆಲಸ ತನಗೇ ಇರಲಿ ಅಂದಿದ್ದಾಳೆ.

ಆಧಾರ್ ಕಾರ್ಡು, ಎರಡು ಫೋಟೊ ಮರೀಬೇಡ.

ಇಂತಿ ನಿನ್ನ
ಅಪ್ಪಾಜಿ